ಹುಳು ನೋಡಿ ದ್ರಾಕ್ಷಿ ಕೊಯ್ದ ವೆಂಕಟಲಕ್ಷ್ಮಮ್ಮ

ಮಾಗಡಿ ಕಡೆಯ ತಿಪ್ಪಸಂದ್ರದ ಹೊರಗಿರುವ ಪುಟ್ಟ ವೈನರಿಯಲ್ಲಿ ಒಂದು ಬಾಟಲಿ ಸಿಹಿ ಕೆಂಪು ವೈನಿಗೆ ನಾನೂರು ರೂಪಾಯಿ. ಅದರೊಳಗೆ ಹೋಗಿರುವ ದ್ರಾಕ್ಷಿ ಒಂದು ಕಿಲೋಗಿಂತ ಸ್ವಲ್ಪ ಹೆಚ್ಚು. ಬೆಲೆ ಮೂವತ್ತೈದೋ ನಲವತ್ತೋ. ಖಾಲಿ ಗಾಜಿನ ಬಾಟಲಿಗೂ ಹೆಚ್ಚುಕಡಿಮೆ ಅಷ್ಟೇ ಬೆಲೆ. ಮುಚ್ಚಳ, ಲೇಬಲ್ಲು, ರಟ್ಟಿನ ಪೆಟ್ಟಿಗೆ ಸೇರಿದರೆ ಇನ್ನೊಂದಿಷ್ಟು. ಮಿಕ್ಕಿದ್ದು ತೆರಿಗೆ, ಲೈಸೆನ್ಸು, ಅಂಗಡಿಯವನ ಕಮಿಷನ್ನು, ತಣ್ಣನೆ ಕೋಣೆಯ ಕರೆಂಟು, ಬ್ಯಾಂಕಿನ ಬಡ್ಡಿ ಎಂದು ಹರಿದು ಹಂಚಿ ಹೋಗುತ್ತದೆ. ಆ ದ್ರಾಕ್ಷಿಯನ್ನು ಗಿಡದಿಂದ ಕತ್ತರಿಸಿದ ಕೈಗೆ ಎಷ್ಟು ಬಂತು ಎಂದು ಹುಡುಕಿದರೆ ಎರಡು ರೂಪಾಯಿ ಸಿಗುತ್ತದೆ.

"ಎಲ್ಡು ರೂಪಾಯಿ ಕಮ್ಮಿ ಅಂತ ಮುಖ ಸಣ್ಣ ಮಾಡ್ಕಬ್ಯಾಡಿ," ಎನ್ನುತ್ತಾರೆ ವೆಂಕಟಲಕ್ಷ್ಮಮ್ಮ. "ದಿನಕ್ಕೆ ಎಷ್ಟು ಬಾಟ್ಲಿ ಹಣ್ಣು ಕುಯ್ತೀನಿ ಅದ ಕೇಳಿ."

ಹೊತ್ತು ಇನ್ನೂ ಮೂಡಿಲ್ಲ. ದ್ರಾಕ್ಷಿ ಚಪ್ಪರದ ಕೆಳಗೆ ಹೆಂಗಸರು ಸಾಲಾಗಿ ನಿಂತಿದ್ದಾರೆ. ಹಣೆಗೆ ಕಟ್ಟಿದ ಟಾರ್ಚು, ತಲೆಗೆ ಗಂಡನ ಹಳೇ ಟವಲು, ಮೈಮೇಲೆ ಮಗನ ತುಂಬುತೋಳಿನ ಅಂಗಿ. ಎಡಗೈ ಗೊಂಚಲನ್ನು ಕೆಳಗಿನಿಂದ ಹಿಡಿಯುತ್ತದೆ, ಬಲಗೈಯ ಕತ್ತರಿ ತೊಟ್ಟನ್ನು ಕಚ್ಚುತ್ತದೆ. ಗೊಂಚಲು ಕ್ರೇಟಿಗೆ ಬಿದ್ದ ಸದ್ದು ಕೇಳಿಸಿದರೆ ಸಾಲಿನ ತುದಿಯಿಂದ ವೆಂಕಟಲಕ್ಷ್ಮಮ್ಮನ ದನಿ ಬರುತ್ತದೆ: "ಯಾರಮ್ಮಿ ಅದು ಎಸೆಯೋಳು? ಮಗೀನ ತೊಟ್ಲಿಗೆ ಹಾಕ್ದಂಗೆ ಹಾಕು."

"ನಮ್ಮತ್ತೆ ನನ್ ಮಗೀನೂ ಇಷ್ಟು ನಾಜೂಕಾಗಿ ತೊಟ್ಲಿಗೆ ಹಾಕ್ನಿಲ್ಲ," ಎಂದು ಪಕ್ಕದ ಸಾಲಿನಿಂದ ಸೊಸೆ ಲತಾಮಣಿ ಕೂಗುತ್ತಾಳೆ. ಇಡೀ ಚಪ್ಪರ ನಗುತ್ತದೆ. ಅತ್ತೆಯೂ ನಗುತ್ತಾರೆ, ಕತ್ತರಿ ಮಾತ್ರ ನಿಲ್ಲುವುದಿಲ್ಲ.

ಐವತ್ತೈದರ ಆಸುಪಾಸಿನ ವೆಂಕಟಲಕ್ಷ್ಮಮ್ಮ ಈ ತೋಟಕ್ಕೆ ಬಂದದ್ದು ಮದುವೆಯಾದ ಹೊಸದರಲ್ಲಿ. ಆಗ ಇಲ್ಲಿ ವೈನರಿ ಇರಲಿಲ್ಲ. ಹಳೆಯ ಯಜಮಾನರು ಬೆಂಗಳೂರು ಬ್ಲೂ ಎಂಬ ನಾಟಿ ದ್ರಾಕ್ಷಿ ನೆಟ್ಟು, ಹಣ್ಣನ್ನು ಲಾರಿಗೆ ತುಂಬಿ ಬೆಂಗಳೂರಿನ ಮಾರ್ಕೆಟ್ಟಿಗೆ ಕಳಿಸುತ್ತಿದ್ದರು. ಕೆಳಗಿನ ಎರಡು ಎಕರೆಯ ಕಡ್ಡಿಗಳನ್ನು ನೆಟ್ಟು, ಬಿಂದಿಗೆಯಲ್ಲಿ ನೀರು ಹೊತ್ತು ಹಾಕಿದವರಲ್ಲಿ ಆಕೆಯೂ ಒಬ್ಬರು. ಮುಂದೆ ತೋಟ ಕೈ ಬದಲಾಯಿತು. ಮಾಗಡಿಯ ಮನೋಹರ್ ಎಂಬವರು ಕೊಂಡುಕೊಂಡು, ಪಂಪ್‌ಹೌಸ್ ಪಕ್ಕ ಶೆಡ್ಡು ಎಬ್ಬಿಸಿ, ಸ್ಟೀಲಿನ ಪೀಪಾಯಿಗಳನ್ನು ಇಳಿಸಿದರು. ಹೆಂಗಸರ ಗುಂಪು ಹಾಗೇ ಉಳಿಯಿತು. ಹದಿನಾಲ್ಕು ಜನ, ಎಲ್ಲರೂ ಸುತ್ತಲ ಹಳ್ಳಿಗಳವರು, ಎಲ್ಲರ ಮನೆಯಲ್ಲೂ ರೇಷ್ಮೆಹುಳು.

ಈ ಹುಳುವಿನ ಅಭ್ಯಾಸದಿಂದ ಮೊದಮೊದಲು ಒಂದು ತಮಾಷೆಯೂ ಆಗಿತ್ತು. ಹಿಪ್ಪುನೇರಳೆ ಸೊಪ್ಪು ಬಾಡದಿರಲೆಂದು ಮನೆಯಲ್ಲಿ ಒದ್ದೆ ಗೋಣಿತಾಟು ಹೊದಿಸುವಂತೆ, ಇಲ್ಲಿ ದ್ರಾಕ್ಷಿ ಕ್ರೇಟಿಗೂ ಒದ್ದೆ ಗೋಣಿ ಹೊದಿಸಿಬಿಟ್ಟಿದ್ದರು. ಒದ್ದೆಯಾದರೆ ಹಣ್ಣು ಕೊಳೆಯುತ್ತದೆಂದು ಮನೋಹರ್ ಓಡಿಬಂದು ಒಂದೊಂದೇ ಗೋಣಿ ಎತ್ತಿ ಬಿಸಾಡಿದರಂತೆ. "ನಾವು ಒಳ್ಳೇದು ಮಾಡಕ್ಕೋದ್ವಿ, ಆವಯ್ಯ ಎದೆ ಹಿಡ್ಕಂಡ್ರು," ಎಂದು ಆಕೆ ಈಗ ನೆನೆಯುತ್ತಾರೆ.

ವಾರದಲ್ಲಿ ಐದು ದಿನ ತೋಟ. ಶನಿವಾರ, ಭಾನುವಾರ ವೆಂಕಟಲಕ್ಷ್ಮಮ್ಮ ಇಸ್ತ್ರಿ ಮಾಡಿದ ಸೀರೆಯುಟ್ಟು ಕೌಂಟರಿನ ಹಿಂದೆ ನಿಲ್ಲುತ್ತಾರೆ. ಸಾವನದುರ್ಗ ಹತ್ತಿ ಇಳಿದ ಬೆಂಗಳೂರಿನವರು ರುಚಿ ನೋಡಲು ಇಲ್ಲಿಗೆ ಬರುತ್ತಾರೆ. ಗ್ಲಾಸಿನ ತಳಕ್ಕೆ ಎರಡು ಗುಟುಕು ಸುರಿದು ಕೊಡುವುದು, ವಾಪಸು ಬಂದ ಗ್ಲಾಸು ತೊಳೆದು ಒರೆಸಿಡುವುದು ಆಕೆಯ ಕೆಲಸ. ಮಾತು ಬಲ್ಲ ಹುಡುಗನೊಬ್ಬನನ್ನು ಹಿಂದೆ ಇಟ್ಟಿದ್ದರು. ಅವನು ರುಚಿ ನೋಡುತ್ತ ನೋಡುತ್ತ ಕೆಲಸ ಕಳೆದುಕೊಂಡ. "ಅದ್ಕೇ ಕುಡೀದೋಳ್ನ ನಿಲ್ಸವ್ರೆ," ಎಂದು ಆಕೆಯೇ ಬಂದವರಿಗೆ ಹೇಳಿ ನಗಿಸುತ್ತಾರೆ.

ಆ ಕೌಂಟರಿನಲ್ಲಿ ನಿಂತರೆ ದೇಶದ ವೈನ್ ವ್ಯಾಪಾರ ಎತ್ತ ವಾಲುತ್ತಿದೆ ಎಂದು ಯಾರಿಗಾದರೂ ಅಂದಾಜು ಸಿಗುತ್ತದೆ. ನಮ್ಮಲ್ಲಿ ವೈನ್ ಕುಡಿಯುವವರೇ ಕಮ್ಮಿ. ದೇಶದ ಜನಕ್ಕೆಲ್ಲ ಸಮನಾಗಿ ಹಂಚಿದರೆ ಒಬ್ಬೊಬ್ಬರಿಗೆ ವರ್ಷಕ್ಕೆ ಕೆಲವು ಚಮಚ ಬಂದೀತು. ಬಹುಪಾಲು ಖರ್ಚಾಗುವುದು ನಾಲ್ಕಾರು ದೊಡ್ಡ ಊರುಗಳಲ್ಲಿ. ಮುಂಚೆ ವೈನ್ ಎಂದರೆ ಸಿಹಿ, ಕೆಂಪು, ಅಗ್ಗ. ಹೊಸ ವರ್ಷಕ್ಕೆ ಒಂದು ಬಾಟಲಿ ಒಯ್ದರೆ ಮುಂದಿನ ಹೊಸ ವರ್ಷದವರೆಗೆ ಕಪಾಟಿನಲ್ಲೇ ಇರುತ್ತಿತ್ತು. ಈಗ ಬರುವವರಲ್ಲಿ ಅರ್ಧದಷ್ಟು ಹೆಣ್ಣುಮಕ್ಕಳು. ಸಿಹಿ ಕಮ್ಮಿ ಇರಲಿ, ತಣ್ಣಗಿರಲಿ, ಅಮಲು ಹೆಚ್ಚಬಾರದು, ಬಾಟಲಿ ಚಿಕ್ಕದಿರಲಿ, ಫೋಟೋದಲ್ಲಿ ಚೆನ್ನಾಗಿ ಕಾಣಲಿ ಎನ್ನುತ್ತಾರೆ. ವಯಸ್ಸಾದವರು ಸಿಹಿ ಕೆಂಪನ್ನು ಪಾನಕದಂತೆ ಮುಗಿಸಿ ಗ್ಲಾಸು ಇಡುತ್ತಾರೆ. ಚಿಕ್ಕ ವಯಸ್ಸಿನವರದು ಅರ್ಧ ಹಾಗೇ ತೊಳೆಯಲು ಬರುತ್ತದೆ.

"ನಾನು ಮೊದ್ಲು ನನ್ ಕೈಯಿ ಸರಿಯಿಲ್ಲ, ಜಾಸ್ತಿ ಸುರೀತಾ ಇವ್ನಿ ಅಂದ್ಕಂಡೆ. ಕಮ್ಮಿ ಸುರ್ದೆ. ಅದ್ನೂ ಬುಡೋರು."

ಬಿಟ್ಟ ವೈನು ತೊಟ್ಟಿಗೆ ಹೋಯಿತು, ಅಂಗಡಿಗಳ ಆರ್ಡರು ಇಳಿಯಿತು. ಎರಡು ವರ್ಷದ ಹಿಂದೆ ಮನೋಹರ್ ಹೆಂಗಸರನ್ನು ಕೂರಿಸಿಕೊಂಡು, ಸುತ್ತಿಬಳಸದೆ ಹೇಳಿದರು: ಇನ್ನೊಂದು ವರ್ಷ ನೋಡುತ್ತೇನೆ, ಆಮೇಲೆ ಆರು ಎಕರೆ ಬ್ಲೂ ಪೂರ್ತಿ ಕಿತ್ತು ಫಾರಿನ್ ತಳಿ ಹಾಕುತ್ತೇನೆ. ಅವರ ಬಾಯಲ್ಲಿ ಅದು ವ್ಯಾಪಾರದ ಮಾತು. ಹೆಂಗಸರಿಗೆ ಅದು ಹೊಟ್ಟೆಯ ಮಾತು. ಬ್ಲೂ ವರ್ಷಕ್ಕೆ ಎರಡು ಬೆಳೆ ಕೊಡುತ್ತದೆ, ವೈನಿನ ಫಾರಿನ್ ತಳಿಯಲ್ಲಿ ಒಂದೇ ಕೊಯ್ಲು. ಮನೆಗೆಲಸ, ಸೊಪ್ಪು, ಹುಳು ಎಲ್ಲ ನೋಡಿಕೊಂಡು ನಡೆದೇ ಹೋಗಿಬರುವಷ್ಟು ಹತ್ತಿರ ಇನ್ನೊಂದು ಕೆಲಸ ಆ ಕಡೆ ಇಲ್ಲ.

ಅಂಥ ಹೊತ್ತಿನಲ್ಲೇ, ಹೋದ ವರ್ಷದ ಮುಂಗಾರು ಬೆಳೆಯಲ್ಲಿ, ಆಕೆಯಿಂದ ಒಂದು ತಪ್ಪಾಯಿತು.

ಹದಿನಾಲ್ಕು ಮನೆಗೂ ಮರಿಹುಳು ಬರುವುದು ಒಂದೇ ಚಾಕಿ ಕೇಂದ್ರದಿಂದ, ಒಂದೇ ದಿನ. ಹಾಗಾಗಿ ಎಲ್ಲ ಮನೆಯ ಹುಳುವೂ ಒಟ್ಟಿಗೆ ನಾಲ್ಕನೇ ಜ್ವರ ಏಳುತ್ತದೆ, ಅಂದರೆ ಕೊನೆಯ ಸಲ ಪೊರೆ ಕಳಚಿ ಹಸಿದು ಕೂರುತ್ತದೆ. ಅಲ್ಲಿಂದ ಗೂಡು ಕಟ್ಟುವವರೆಗಿನ ಒಂದು ವಾರ ಆ ಮನೆಗಳಲ್ಲಿ ಯಾರೂ ಸರಿಯಾಗಿ ಉಣ್ಣುವುದಿಲ್ಲ, ಮಲಗುವುದಿಲ್ಲ. ಸೊಪ್ಪು ತಂದು ಹಾಕಿದಷ್ಟೂ ಸಾಲದು. ಕೊನೆಗೆ ಒಂದೊಂದೇ ಹುಳು ಆರಿಸಿ, ಗೂಡು ಕಟ್ಟಲು ಚಂದ್ರಿಕೆ ಎಂಬ ಬಿದಿರಿನ ತಟ್ಟಿಗೆ ಬಿಡಬೇಕು. ಆ ವಾರ ದೇವರೇ ಕೂಲಿಗೆ ಕರೆದರೂ ಬರುವುದಿಲ್ಲ ಎನ್ನುವಂಥ ಹೊತ್ತು.

ವೆಂಕಟಲಕ್ಷ್ಮಮ್ಮ ಬೆರಳು ಮಡಿಸಿ ಎಣಿಸಿದರು. ದ್ರಾಕ್ಷಿ ಕೊಯ್ಲಿಗೆ ಬರುವುದೂ ಸರಿಯಾಗಿ ಅದೇ ವಾರ. ಮನೋಹರ್ ಯಂತ್ರ ನೋಡಲು ಪುಣೆಗೆ ಹೋಗಿದ್ದರು. ಹೋಗುವಾಗ ತೋಟ ನಿಮ್ಮ ಕೈಲಿ ಎಂದಿದ್ದರು. ಫೋನು ಮಾಡಿದರೆ ಎತ್ತಲಿಲ್ಲ. ಮೇಲೆ ಮೋಡ ಬೇರೆ. ಚಪ್ಪರ ನೋಡಿದರೆ ಹಣ್ಣು ಕಪ್ಪುನೀಲಿ ತಿರುಗಿತ್ತು. ಹಳೆಯ ಯಜಮಾನರ ಕಾಲದಲ್ಲಿ ಮಾರ್ಕೆಟ್ಟಿನ ಲಾರಿಗೆ ಬಣ್ಣ ಬಂದರೆ ಸಾಕಿತ್ತು, ಕತ್ತರಿ ಹಾಕುತ್ತಿದ್ದರು. ಹುಳು ಏಳುವ ಮುಂಚೆಯೇ ಮುಗಿಯಲೆಂದು ಆಕೆಯೂ ಹಾಕಿಸಿದರು. ಎರಡು ದಿನದಲ್ಲಿ ಆರು ಎಕರೆಯ ಪೈಕಿ ಎರಡು ಖಾಲಿ.

ಮನೆಯಲ್ಲಿ ಹುಳುವಿಗೆ ಸೊಪ್ಪು ಹಾಕುತ್ತಿದ್ದ ಗಂಡ ಬೋರಲಿಂಗಯ್ಯ ಒಂದು ಹಣ್ಣು ಬಾಯಿಗೆ ಹಾಕಿ ಮುಖ ಕಿವುಚಿದರು. "ಏನಮ್ಮಿ ಇದು, ಹುಣಸೇಕಾಯಿ ತಂದಿದ್ದೀಯಾ?"

ಆಗಲೇ ಆಕೆಗೆ ತಪ್ಪು ಹೊಳೆದದ್ದು. ಮಾರ್ಕೆಟ್ಟಿನ ಹಣ್ಣಿಗೆ ಬಣ್ಣ ಸಾಕು, ವೈನಿನ ಹಣ್ಣಿಗೆ ಸಕ್ಕರೆ ಬೇಕು. ಹದಿನೈದು ವರ್ಷದಿಂದ ಮನೋಹರ್ ಹೇಳಿಕೊಂಡು ಬಂದದ್ದು ಅದೊಂದನ್ನೇ.

ಮಾರನೇ ದಿನ ಬಂದಿಳಿದ ಮನೋಹರ್ ಕೋಲ್ಡ್‌ರೂಮಿನ ಬಾಗಿಲು ತೆಗೆದು ಕ್ರೇಟುಗಳನ್ನು ನೋಡಿದರು. ಒಂದು ಹಣ್ಣು ಹಿಂಡಿ, ಸಿಹಿ ಅಳೆಯುವ ಕೊಳವೆಯನ್ನು ಕಣ್ಣಿಗೆ ಹಿಡಿದರು. ಇನ್ನೊಂದು ಹಿಂಡಿದರು. ಮತ್ತೊಂದು.

"ಯಾರಕ್ಕ ಕೊಯ್ಸಿದ್ದು?"

"ನಾನೇ ಸಾರ್. ಹುಳ ಜ್ವರ ಏಳೋದ್ರಲ್ಲಿತ್ತು. ಆಮ್ಯಾಕೆ ಆಳು ಸಿಕ್ಕಾಕಿಲ್ಲ ಅಂತ."

"ಹುಳಕ್ಕೂ ದ್ರಾಕ್ಷಿಗೂ ಏನಕ್ಕ ಸಂಬಂಧ?"

"ನಿಮ್ಗಿಲ್ಲ ಸಾರ್. ನಮ್ಗೈತೆ."

ಮನೋಹರ್ ಕೊಳವೆ ಒರೆಸಿ ಜೇಬಿಗೆ ಹಾಕಿಕೊಂಡರು. ನಾಲ್ಕು ಮಾತು ಬೈದಿದ್ದರೆ ಚೆನ್ನಾಗಿತ್ತು ಎಂದು ಆಕೆಗೆ ಈಗಲೂ ಅನಿಸುತ್ತದೆ. "ಈ ಸಲ ಕೂಲಿ ಬ್ಯಾಡ ಸಾರ್, ನಂದು," ಎಂದರು ವೆಂಕಟಲಕ್ಷ್ಮಮ್ಮ. "ಕೂಲಿ ತಗೊಳ್ಳಿ. ಕೊಯ್ದ ಹಣ್ಣಿಗೆ ಕೂಲಿ ಕೊಡ್ದೆ ಇರೋಕಾಗುತ್ತಾ?" ಎಂದು ಅವರು ಶೆಡ್ಡಿನ ಕಡೆ ನಡೆದರು. ಆ ಸಂಜೆ ಮನೆಯಲ್ಲಿ ಸೊಪ್ಪು ಹಾಕುತ್ತ ಆಕೆ ಲತಾಮಣಿಗೆ ಅಂದರು, "ಕಿತ್ತಾಕ್ತೀನಿ ಅಂತಿದ್ರಲ್ಲ ತೋಟವ, ನಾನೇ ಗುದ್ಲಿ ಕೈಗೆ ಕೊಟ್ಬುಟ್ಟೆ ಕಣೇ."

ಎಸೆಯಲು ಮನಸ್ಸು ಬಾರದೆ ಮನೋಹರ್ ಆ ಹುಳಿ ಹಣ್ಣನ್ನು ಮೆಲ್ಲಗೆ ಹಿಂಡಿ, ಸಿಪ್ಪೆಯನ್ನು ಬೇಗನೆ ಬೇರೆ ಮಾಡಿದರು. ರಸ ಕೆಂಪಾಗಲಿಲ್ಲ, ಕಣಗಿಲೆ ಹೂವಿನ ಬಣ್ಣಕ್ಕೆ ನಿಂತಿತು. ಸಕ್ಕರೆ ಕಮ್ಮಿ ಇದ್ದದ್ದರಿಂದ ಅಮಲೂ ಕಮ್ಮಿ. ಪೂರ್ತಿ ಮಾಗಿದ ಬ್ಲೂಗೆ ಇರುವ ಗಾಢ ವಾಸನೆಯೂ ಅಷ್ಟಾಗಿ ಇರಲಿಲ್ಲ. ಸೋಡಾದ ಹಾಗೆ ಗುಳ್ಳೆ ಏಳುವಂತೆ ಮಾಡಿ, ಚಿಕ್ಕ ಬಾಟಲಿಗಳಿಗೆ ತುಂಬಿಸಿ, ಹೆಸರೂ ಇಡದೆ ಕೌಂಟರಿನ ಮೂಲೆಯ ಫ್ರಿಜ್ಜಿಗೆ ಇಟ್ಟರು. "ಕೇಳಿದವರಿಗೆ ಕೊಡಿ ಅಕ್ಕ, ಒತ್ತಾಯ ಬೇಡ," ಎಂದರು.

ಆ ಶನಿವಾರ ಬೈಕಿನಲ್ಲಿ ಬಂದ ಹೆಣ್ಣುಮಕ್ಕಳ ಗುಂಪೊಂದು ಅದೇನೆಂದು ಕೇಳಿತು.

"ಅದು ನಾನ್ ಮಾಡಿದ ತಪ್ಪು ಕಣಮ್ಮಾ. ಹುಳಿ ಐತೆ," ಎಂದರು ವೆಂಕಟಲಕ್ಷ್ಮಮ್ಮ.

"ಆಂಟಿ, ನಿಮ್ ತಪ್ಪು ಒಂದು ಗ್ಲಾಸ್ ಕೊಡಿ, ನೋಡೋಣ."

ಕೊಟ್ಟರು. ಗ್ಲಾಸುಗಳು ವಾಪಸು ಬಂದವು. ಒಂದರಲ್ಲೂ ಹನಿ ಇರಲಿಲ್ಲ. ಇನ್ನೊಂದು ಗುಂಪು ಬಂತು, ಅದೇ ಕಥೆ. ಸಂಜೆಗೆ ಫ್ರಿಜ್ಜು ಖಾಲಿ. "ಗ್ಲಾಸು ತೊಳೆಯೋ ಕೆಲ್ಸ ಇಷ್ಟು ಸಲೀಸಾಗಿದ್ದು ಅವತ್ತೇ ಮೊದ್ಲು," ಎನ್ನುತ್ತಾರೆ ಆಕೆ. ಮುಂದಿನ ವಾರಗಳಲ್ಲೂ ಹಾಗೇ ಆದಾಗ ಮನೋಹರ್ ನಾಲ್ಕು ಪೆಟ್ಟಿಗೆ ಕಾರಿಗೆ ಹಾಕಿಕೊಂಡು ಬೆಂಗಳೂರಿನ ಹೋಟೆಲುಗಳ ಬಾಗಿಲು ತಟ್ಟಿದರು. ಮೂರು ಹೋಟೆಲು ಬೇಡ ಎಂದವು, ಎರಡು ತೆಗೆದುಕೊಂಡವು. ಹೊಸ ಸರಕಿಗೆ ಅದು ಕಮ್ಮಿ ಅಲ್ಲ.

ಹಾಗೆಂದು ಎಲ್ಲವೂ ದಡ ಹತ್ತಿತು ಎಂದಲ್ಲ. ಚಿಕ್ಕ ಬಾಟಲಿಯಲ್ಲಿ ಗಾಜಿನ ಖರ್ಚು ದುಬಾರಿ. ಗುಳ್ಳೆ ತಡೆಯುವ ಮುಚ್ಚಳವೂ ದುಬಾರಿ. ಮಳೆಗಾಲದಲ್ಲಿ ತಣ್ಣನೆಯದನ್ನು ಕೇಳುವವರು ಕಮ್ಮಿ. ಇವತ್ತು ತಿಳಿಗೆಂಪು ಬೇಕು ಎನ್ನುವ ಮಕ್ಕಳು ನಾಳೆ ಬೇರೆ ಬಣ್ಣ ಕೇಳಿಯಾರು. ಅದಕ್ಕೇ ಮನೋಹರ್ ಎಲ್ಲ ದುಡ್ಡನ್ನೂ ಒಂದೇ ಕಡೆ ಕಟ್ಟಲಿಲ್ಲ. ಕೆಳಗಿನ ಎರಡು ಎಕರೆ ಬ್ಲೂ ಕಿತ್ತು ಫಾರಿನ್ ತಳಿ ನೆಟ್ಟರು. ಮೇಲಿನ ನಾಲ್ಕು ಎಕರೆ ಬಿಟ್ಟರು.

ಕಿತ್ತ ದಿನ ವೆಂಕಟಲಕ್ಷ್ಮಮ್ಮ ಕೆಳಗಿನ ತೋಟಕ್ಕೆ ಹೋಗಲಿಲ್ಲ. ಬುಡಗಳನ್ನು ಸೌದೆಗೆ ಹಂಚಿದಾಗ ತಮ್ಮ ಪಾಲು ಲತಾಮಣಿ ತಂದಳು. "ಒಂದೊಂದು ನನ್ ತೊಡೆ ಗಾತ್ರ ಆಗಿದ್ವು. ನೀರು ಹೊತ್ತಿದ್ದೆ ಅವಕ್ಕೆ," ಎಂದಷ್ಟೇ ಹೇಳಿ ಆಕೆ ಮಾತು ಬದಲಿಸುತ್ತಾರೆ.

ಈ ವರ್ಷ ಮೇಲಿನ ತೋಟದ ಕೊಯ್ಲು ಎರಡು ಸುತ್ತು. ಮೊದಲ ಸುತ್ತು ಬಣ್ಣ ಬಂದ ಕೂಡಲೇ, ತಿಳಿಗೆಂಪು ವೈನಿಗೆ. ಎರಡನೆಯದು ಪೂರ್ತಿ ಸಿಹಿಯಾದ ಮೇಲೆ, ಹಳೇ ಗಿರಾಕಿಗಳ ಕೆಂಪಿಗೆ. ನಡುವಿನ ವಾರ ಹುಳುವಿಗೆ. ಚಾಕಿ ಕೇಂದ್ರದಿಂದ ಹೆಂಗಸರು ಮರಿ ತರುವ ಮುಂಚೆ ಮನೋಹರ್ ಈಗ ತಾವೇ ಫೋನು ಮಾಡಿ ಕೇಳುತ್ತಾರೆ: "ಅಕ್ಕ, ಹುಳ ಯಾವತ್ತು ಜ್ವರ ಏಳುತ್ತೆ?"

ಬೆಳಕು ಹರಿದಿದೆ. ಕ್ರೇಟುಗಳು ಹೊಂಗೆಯ ನೆರಳಿಗೆ ಬಂದಿವೆ. ಟೀ ಹಿಡಿದು ಕುಳಿತ ವೆಂಕಟಲಕ್ಷ್ಮಮ್ಮನನ್ನು ಲತಾಮಣಿ ಕೆಣಕುತ್ತಾಳೆ: "ಒಂದಿನಾನಾದ್ರೂ ಕುಡುದ್ ನೋಡು ಅತ್ತೆ, ನಿಂದೇ ಅಲ್ವಾ ಅದು."

"ನೋಡ್ದೆ ಕಣೇ, ಒಂದು ಚಮ್ಚ. ಮೂಗಿಗೆ ಹತ್ತಿ ಸೀನು ಬಂತು. ನಂಗೆ ಟೀನೇ ಸರಿ." ಆಸೆ ಏನಾದರೂ ಇದೆಯಾ ಎಂದರೆ ಯೋಚಿಸಿ ಹೇಳುತ್ತಾರೆ: "ಮ್ಯಾಲಿನ ತೋಟ ನನ್ ಮೊಣಕಾಲು ನಡೆಯೋಗಂಟ ಇರ್ಲಿ. ಆಮ್ಯಾಕೆ ಅವರವರ ಇಷ್ಟ."

ಗುಂಪಿನ ಹದಿನಾಲ್ಕು ಜನರಲ್ಲಿ ಇಬ್ಬರು ಕೆಳಗಿನ ತೋಟ ಕಿತ್ತಾಗ ಕೆಲಸ ಬಿಟ್ಟರು. ಕೊಯ್ಲು ಎರಡು ಸುತ್ತಾದ್ದರಿಂದ ಉಳಿದ ಹನ್ನೆರಡು ಮಂದಿಗೆ ಮುಂಚಿಗಿಂತ ಹೆಚ್ಚು ದಿನ ಕೂಲಿ ಸಿಗುತ್ತಿದೆ. ಆಕೆ ನೆಟ್ಟ ಎರಡು ಎಕರೆ ಹೋಯಿತು. ನಾಲ್ಕು ಎಕರೆ ಉಳಿಯಿತು.