ಗೌರಿಹಬ್ಬಕ್ಕೆ ಬರುತ್ತಿದ್ದ ಡಬ್ಬಗಳು

ಸಿ.ವಿ. ರಾಮನ್ ನಗರದ ನಮ್ಮ ಬೀದಿಯಲ್ಲಿ ದೀಪಾವಳಿಯ ಚಕ್ಕುಲಿಗೆ ಗೌರಿಹಬ್ಬದ ಹೊತ್ತಿಗೇ ಡಬ್ಬ ಬರುತ್ತಿತ್ತು. ಹೆಸರು ಕೊರೆಸಿದ ಸ್ಟೀಲ್ ಡಬ್ಬವನ್ನು, ಮನೆಯಲ್ಲೇ ಚಕ್ಕುಲಿ ಮಾಡಿ ಮಾರುತ್ತಿದ್ದ ನನ್ನ ದೊಡ್ಡಮ್ಮನ ಕೈಗೆ ಕೊಟ್ಟರೆ ಆರ್ಡರ್ ಕೊಟ್ಟಂತೆ. ಅವಳು ಅದನ್ನು ಇಟ್ಟುಕೊಂಡರೆ, ಅಂದು ಹೇಳಿದ ದರವೇ ದೀಪಾವಳಿಗೂ. ನಡುಮನೆಯ ಗೋಡೆಯುದ್ದಕ್ಕೂ ಡಬ್ಬಗಳ ಸಾಲು. ರಾತ್ರಿ ನೀರು ಕುಡಿಯಲು ಎದ್ದರೆ ಕಾಲಿಗೆ ತಗುಲಿ ಸದ್ದಾಗುತ್ತಿತ್ತು.

ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ಪಳಗಿದ್ದ ನನಗೆ ಇದು ಸರಿಕಾಣಲಿಲ್ಲ.

"ಚಕ್ಕುಲಿ ರೇಟ್ ಈಗ್ಲೇ ಹೇಳಿಬಿಟ್ಟಿದೀಯ ದೊಡ್ಡಮ್ಮ. ಎಣ್ಣೆ ಏರಿದ್ರೆ?"

"ಏರಿದ್ರೆ ಏರತ್ತೆ. ನೀನು ಮೊದ್ಲು ಆ ಕಡೆ ಸರಿ, ಡಬ್ಬ ಒದೀಬೇಡ."

ಆ ವರ್ಷ ಏರಿತು. ಇಬ್ಬರೂ ಶಿವಾಜಿನಗರದ ಸಗಟು ಅಂಗಡಿಗೆ ಹೋದೆವು.

"ಮಲೇಷ್ಯಾದಲ್ಲಿ ಪಾಮಾಯಿಲ್ ಮೇಲಕ್ಕೆ ಹೋಯ್ತು ಅಮ್ಮ. ಹಿಂದೇನೇ ಸನ್‌ಫ್ಲವರ್ ಕೂಡ," ಎಂದರು ಅಂಗಡಿಯವರು.

"ಈ ಟಿನ್ ಹೋದ ತಿಂಗಳದ್ದಲ್ವಾ? ಹಳೇ ರೇಟಿಗೆ ತಂದಿದ್ದು," ಎಂದೆ ನಾನು.

"ಇದು ಮಾರಿ ಹೊಸದು ತರ್ಬೇಕಲ್ಲ ಮೇಡಂ. ಅದನ್ನ ಹಳೇ ರೇಟಿಗೆ ಯಾರು ಕೊಡ್ತಾರೆ?"

"ಇಳಿದಾಗ ಮಾತ್ರ ಹಳೇ ಸ್ಟಾಕು, ದುಬಾರಿಗೆ ತಂದಿದ್ದು ಅಂತೀರಲ್ಲ, ಅದು ಯಾವ ನ್ಯಾಯ?"

ಅವರು ನಕ್ಕರು. "ನಿಮ್ಮ ಹುಡುಗೀನ ಲಾಯರ್ ಮಾಡಿ ಅಮ್ಮ." ದರ ಮಾತ್ರ ಇಳಿಸಲಿಲ್ಲ.

ಎಲ್ಲೋ ಇನ್ನೂ ಹಿಂಡದ ಎಣ್ಣೆಗೆ ಯಾರೋ ಮುಂದಿನ ತಿಂಗಳ ಬೆಲೆ ಕಟ್ಟುತ್ತಾರೆ. ಅದು ಇಲ್ಲಿನ ಹಳೆಯ ಟಿನ್ನಿಗೆ ಬಂದು ಅಂಟುತ್ತದೆ. ಮುಂಗಡ ಬೆಲೆಯ ಆ ಪೇಟೆಯನ್ನು ಪೂರಾ ಬೈಯಲು ನಾನು ಸಿದ್ಧಳಿಲ್ಲ. ದೊಡ್ಡ ಕಂಪನಿಗಳು ಅಲ್ಲೇ ಮುಂಚಿತವಾಗಿ ದರ ಗೊತ್ತುಮಾಡಿಕೊಂಡು ಏರಿಳಿತದಿಂದ ಪಾರಾಗುತ್ತವೆ. ಕೆಲವೇ ಟಿನ್ ಎಣ್ಣೆ ಬೇಕಾದ ದೊಡ್ಡಮ್ಮನಿಗೆ ಅಲ್ಲಿ ಜಾಗವಿಲ್ಲ, ಅಷ್ಟೆ.

ಆಟೋದಲ್ಲಿ ಹೇಳಿದೆ: "ಎಲ್ರಿಗೂ ರೇಟ್ ಜಾಸ್ತಿ ಆಯ್ತು ಅಂದ್ಬಿಡು."

"ಡಬ್ಬ ಇಟ್ಕೊಂಡಿದೀನಲ್ಲೇ."

"ಮುಂದಿನ ವರ್ಷದಿಂದ ಆದ್ರೂ ಅವತ್ತಿನ ರೇಟ್ ಅನ್ನು."

ಆ ದೀಪಾವಳಿಗೆ ಎಲ್ಲ ಡಬ್ಬಗಳೂ ಮೊದಲು ಹೇಳಿದ ದರಕ್ಕೇ ತುಂಬಿ ಹೋದವು. ಅಷ್ಟು ದಿನ ಒಲೆಯ ಮುಂದೆ ನಿಂತದ್ದಕ್ಕೆ ದೊಡ್ಡಮ್ಮನಿಗೆ ಏನೂ ಉಳಿಯಲಿಲ್ಲ.

ಮರುವರ್ಷದ ಗೌರಿಹಬ್ಬಕ್ಕೆ ಎದುರುಮನೆಯವರು ಡಬ್ಬ ಹಿಡಿದು ಬಂದರು.

"ದೀಪಾವಳಿ ವಾರ ತನ್ನಿ ರೀ, ಅವತ್ತಿನ ರೇಟ್ ಹೇಳ್ತೀನಿ," ಎಂದಳು ದೊಡ್ಡಮ್ಮ, ನನ್ನ ಕಡೆ ನೋಡದೆ.

"ಆಯ್ತು ಬಿಡಿ," ಎಂದು ಅವರು ಖಾಲಿ ಡಬ್ಬವನ್ನು ಸೆರಗಿನಡಿ ಸರಿಸಿಕೊಂಡು ಹೊರಟರು. ದೀಪಾವಳಿಗೆ ಅವರು ಬೇಕರಿಯಿಂದ ತಂದರೆಂದು ಆಮೇಲೆ ತಿಳಿಯಿತು. ಒಬ್ಬೊಬ್ಬರಾಗಿ ಉಳಿದವರೂ ಅಷ್ಟೆ.

ನನ್ನ ವಾದದಲ್ಲಿ ತಪ್ಪೆಲ್ಲಿದೆ ಎಂದು ಈಗಲೂ ಹುಡುಕುತ್ತೇನೆ, ಸಿಗುವುದಿಲ್ಲ. ಈಗ ರಾತ್ರಿ ನಡುಮನೆಯಲ್ಲಿ ದೀಪ ಹಾಕದೆಯೂ ಅಡುಗೆಮನೆಗೆ ಹೋಗಬಹುದು. ಕಾಲಿಗೆ ಏನೂ ತಗುಲುವುದಿಲ್ಲ.