ಫಿಲ್ಟರ್ ಸಾಲಿನ ಡೆಲ್ಫಾ

ಅಮೆರಿಕದ ನಮ್ಮ ಊರು ಸ್ಪೊಕೇನಿನಲ್ಲಿ ಕಾಡ್ಗಿಚ್ಚಿನ ಹೊಗೆಗೆ ಇಂದು ಆರನೆಯ ದಿನ. ಎಂಟು ತಿಂಗಳ ನನ್ನ ಮಗಳು ಟಿಲ್ಲಿಯ ಎದೆಯಲ್ಲಿ ಗೊರಗೊರ ನಿಂತಿಲ್ಲ. ಎದೆಗುಂಡಿ ಒಳಗೆಳೆದರೆ ತಕ್ಷಣ ತನ್ನಿ, ಅಲ್ಲಿಯವರೆಗೆ ಮನೆಯ ಗಾಳಿ ಚೊಕ್ಕಟವಾಗಿಡಿ ಎಂದರು ಡಾಕ್ಟರು. ಕಿಟಕಿ ತೆಗೆಯುವಂತಿಲ್ಲ. ಮನೆಗೆಲ್ಲ ತಂಪು ಗಾಳಿ ಕೊಡುವ ನೆಲಮಾಳಿಗೆಯ ಎ.ಸಿ. ಯಂತ್ರವೋ, ನಿನ್ನೆಯಿಂದ ಗುರ್ ಎನ್ನುತ್ತದೆಯೇ ಹೊರತು ತಂಪು ಕೊಡುತ್ತಿಲ್ಲ. ಮಗುವನ್ನು ಎತ್ತಿಕೊಂಡು ಹಾರ್ಡ್‌ವೇರ್ ಅಂಗಡಿಗೆ ಓಡಿದೆ.

ಅಲ್ಲಿ ಗಾಳಿ ಸೋಸುವ ಫಿಲ್ಟರುಗಳ ಕಪಾಟಿನ ಸಾಲಿನಲ್ಲಿ ಇಪ್ಪತ್ತೆರಡು ವರ್ಷದಿಂದ ಡೆಲ್ಫಾಳದೇ ರಾಜ್ಯ. ಹಳೆಯ ಫಿಲ್ಟರಿನ ಧೂಳು ನೋಡಿಯೇ ಮನೆಯಲ್ಲಿ ಎಷ್ಟು ನಾಯಿ, ಯಾರು ಸಿಗರೇಟು ಸೇದುತ್ತಾರೆ ಎಂದು ಹೇಳಿಬಿಡುತ್ತಾಳೆ. ಗಂಡಸರು ಅವಳಿಗೆ ಹೆದರಿ ಬೇರೆ ಸಾಲಿನಿಂದ ಸುತ್ತಿ ಹೋಗುವುದುಂಟು.

"ಹದಿಮೂರನೇ ನಂಬರಿನದು, ಆ ದಟ್ಟನೆ ಫಿಲ್ಟರ್, ಇನ್ನೂ ಒಂದು ಕೊಡಿ," ಎಂದೆ.

"ಇನ್ನೂ ಒಂದಾ? ಮೊದಲಿಂದು ಎಲ್ಲಿ?"

"ಯಂತ್ರದೊಳಗೇ ಇದೆ. ಹಳೇದರ ಮುಂದೆ ಸೇರಿಸಿಟ್ಟೆ."

"ಎರಡೂ ಒಟ್ಟಿಗೆ! ಶಭಾಷ್ ಕಣಮ್ಮ. ಮೂಗಿಗೆ ಎರಡು ಕಂಬಳಿ ಸುತ್ಕೊಂಡು ಮೆಟ್ಟಿಲು ಹತ್ತಿ ನೋಡು."

ನನಗೆ ಅಳು ಬಂತು. ಅವಳು ನಗು ನಿಲ್ಲಿಸಿ ಟಿಲ್ಲಿಯ ಬೆನ್ನಿಗೆ ಕೈಯಿಟ್ಟಳು.

"ನಾನೂ ಮಾಡಿದ್ದೆ ಕಣೆ. ನನ್ನ ಗಂಡ ಆರಿನ್‌ಗೆ ಆಕ್ಸಿಜನ್ ಹಚ್ಚಿದ್ರು. ಹೊಗೆ ಬಂದಾಗ ಮೂರು ಫಿಲ್ಟರ್ ತುರುಕಿದ್ದೆ. ಗಾಳಿ ಆಡದೆ ಒಳಗಿನ ಕೊಳವೆಯೆಲ್ಲ ಐಸು ಕಟ್ಟಿ ಯಂತ್ರ ಕೈಕೊಡ್ತು. ಅವರು ಸೆಖೇಲಿ ಒದ್ದಾಡಿದ್ರು. ಅದಾದ್ಮೇಲೇ ಇಲ್ಲಿ ಕೆಲಸ ಕೇಳ್ಕೊಂಡು ಬಂದೆ."

ಒಂದು ಕ್ಷಣವಷ್ಟೇ. ಮತ್ತೆ ಗದರು ದನಿ: "ಯಂತ್ರ ಯಾವ ಕಾಲದ್ದು?"

"ಅತ್ತೆ ಮದುವೆಯಾದಾಗಿನದು."

"ಹಾಗಾದ್ರೆ ಅದಕ್ಕೆ ಎಂಟನೇ ನಂಬರಿನ ತೆಳುವಾದ್ದೇ ಸಾಕು, ಒಂದೇ ಒಂದು. ಫಿಲ್ಟರಿನ ಅಂಚಲ್ಲಿರೋ ಬಾಣದ ಗುರುತು ಯಂತ್ರದ ಕಡೆಗಿರಲಿ. ತಂಪು ಆಫ್ ಮಾಡಿ ಬರೀ ಗಾಳಿ ಬಿಡು, ಐಸು ಕರಗಲಿ. ಹದಿಮೂರು ನಂಬರಿಂದು ತೆಗೆದು ಮನೇಲಿರೋ ಚೌಕದ ಫ್ಯಾನಿನ ಹಿಂದಕ್ಕೆ ಟೇಪ್ ಹಚ್ಚು. ಮಗು ಕೋಣೇಲಿ ಬಾಗಿಲು ಹಾಕಿ ಓಡಿಸು."

"ಸಾಕಾಗುತ್ತಾ ಡೆಲ್ಫಾ?"

"ಇಡೀ ಮನೆಯ ಗಾಳಿ ತೊಳೆಯೋಕೆ ಹೋಗ್ಬೇಡ. ಅವಳಿರೋ ಕೋಣೆ ನೋಡ್ಕೋ."

ಮನೆಗೆ ಬಂದು ಹೇಳಿದ ಹಾಗೆಯೇ ಮಾಡಿದೆ. ಟೇಪು ಎರಡು ಸಲ ಕಿತ್ತುಬಂತು, ಬೈದುಕೊಂಡೆ. ಸಂಜೆಗೆ ಐಸು ಕರಗಿ, ಮತ್ತೆ ತಂಪು ಹಾಕಿದಾಗ ಗೋಡೆಯ ಕಿಂಡಿಯಿಂದ ತಣ್ಣನೆ ಗಾಳಿ ಬಂತು. ಫ್ಯಾನಿಗೆ ಅಂಟಿಸಿದ ಫಿಲ್ಟರ್ ಆಗಲೇ ಚಹಾ ಬಣ್ಣಕ್ಕೆ ತಿರುಗಿತ್ತು. ಇಷ್ಟೂ ಮಗುವಿನೊಳಗೆ ಹೋಗುತ್ತಿತ್ತಲ್ಲ! ಟಿಲ್ಲಿ ಮೂರು ದಿನದಲ್ಲಿ ಮೊದಲ ಸಲ ಉಸಿರಿಗಾಗಿ ನಡುವೆ ಬಿಡದೆ ಹಾಲು ಕುಡಿದು ಮುಗಿಸಿದಳು. ಗೊರಗೊರ ಪೂರ್ತಿ ಹೋಗಿಲ್ಲ. ಆದರೂ ಇಂದು ಅವಳನ್ನು ತೊಟ್ಟಿಲಲ್ಲಿ ಮಲಗಿಸಿದೆ, ಹಿಂದಿನ ರಾತ್ರಿಗಳಂತೆ ತೋಳಿನ ಮೇಲಲ್ಲ.