ಬಾಅಲ್ ದೇವರ ಟೊಮೆಟೊ

ನಾವು ಮೂವರೂ ಕೊಲಿಂಡೇಲ್‌ನ ಮನೆಯಿಂದ ಟ್ಯೂಬ್ ರೈಲು ಹಿಡಿದು ಈ ಮ್ಯೂಸಿಯಂಗೆ ಬಂದದ್ದು ಅಕ್ಕನ ಮಗಳು ಇರಾಳಿಗಾಗಿ. ಅವಳು ಆಡುವ ಕಂಪ್ಯೂಟರ್ ಆಟದಲ್ಲಿ ಪ್ರಾಚೀನ ಕಾನಾನ್ ದೇಶದ ಬಾಅಲ್ ದೇವರು ಗುಡಿಯಲ್ಲಿ ಕೂತು ಮಕ್ಕಳನ್ನು ನುಂಗುತ್ತಾನೆ. ಅದನ್ನು ನೋಡಿದಾಗಿನಿಂದ ಹುಡುಗಿ ಒಬ್ಬಳೇ ಮಲಗುತ್ತಿಲ್ಲ.

“ಖರೇ ಬಾಅಲ್ ಹೆಂಗಿದ್ದಾನ, ನೋಡು ಬಾ,” ಎಂದು ಅಕ್ಕ ಗಾಜಿನ ಪೆಟ್ಟಿಗೆಯ ಮುಂದೆ ಕರೆದಳು. ಒಳಗೆ ಗೇಣುದ್ದದ ಕಂಚಿನ ಮೂರ್ತಿಯೊಂದು ಬಲಗೈ ಎತ್ತಿ ನಿಂತಿತ್ತು. ಕೈಯಲ್ಲಿದ್ದ ಆಯುಧ ಎಂದೋ ಕಳೆದುಹೋಗಿದೆ.

“ಈಸ್ ದಟ್ ಹಿಮ್?” ಇರಾ ನನ್ನ ಬೆನ್ನ ಹಿಂದಿನಿಂದಲೇ ಕೇಳಿದಳು.

“ಹೌದವಾ. ಮಳಿ ತರೂ ದೇವರಂತ,” ಎಂದೆ.

ಬಾಅಲ್ ಹೆಸರು ಕೇಳಿ, ಪಕ್ಕದಲ್ಲಿದ್ದ ಲೆಬನಾನಿನ ಅಜ್ಜಿಯೊಬ್ಬರು ಇಂಗ್ಲಿಷಿನಲ್ಲಿ ಮಾತಿಗಿಳಿದರು. ಅವರ ಊರಿನಲ್ಲಿ ಬರೀ ಮಳೆಯ ನೀರಿಗೆ ಬೆಳೆದ ಟೊಮೆಟೊವನ್ನು ಇವತ್ತಿಗೂ ಬಾಅಲ್ ಟೊಮೆಟೊ ಎನ್ನುತ್ತಾರಂತೆ. ಪೂಜೆ ನಿಂತು ಎಷ್ಟೋ ಕಾಲವಾದರೂ ಹೆಸರು ಹೊಲದಲ್ಲಿ ಉಳಿದಿದೆ.

ಇರಾ ಮುಂದೆ ಬಂದು, ಅದು ಸಿಹಿ ಇರುತ್ತದೆಯೇ ಎಂದು ಅವರನ್ನು ಕೇಳಿದಳು.

“ತುಂಬಾ ಸಿಹಿ. ಉಪ್ಪು ಹಚ್ಚಿಕೊಂಡು ಹೊಲದಲ್ಲೇ ತಿನ್ನುತ್ತಿದ್ದೆವು,” ಎಂದರು ಅಜ್ಜಿ.

ಹೊರಡುವಾಗ ಇರಾ ಗಾಜಿಗೆ ಮೂಗು ಒತ್ತಿ, “ಬೈ, ಬಾಅಲ್,” ಎಂದಳು.